‘ಕರೆದುಕೊಂಡು ಹೋಗಿ ಆಯಿತು’ ಎಂದವರು ಯಾರು?

2024ರ ಜುಲೈ 25ರ ನಸುಕಿನಲ್ಲಿ, ಐದು ಗಂಟೆ ಐದು ನಿಮಿಷಕ್ಕೆ, ನಮ್ಮ ಕಟ್ಟಡದ ವಾಟ್ಸ್‌ಆ್ಯಪ್ ಗುಂಪಿಗೆ ಒಂದು ಸಂದೇಶ ಬಂತು: ‘ಆಜೀಂನಾ ನೇಲಂ.’ ಎರಡೇ ಪದ. ಕನ್ನಡದಲ್ಲಿ ಹೇಳುವುದಾದರೆ, ಅಜ್ಜಿಯನ್ನು ಕರೆದುಕೊಂಡು ಹೋಗಿ ಆಯಿತು. ಯಾರು ಕರೆದುಕೊಂಡು ಹೋದರು, ಎಲ್ಲಿಗೆ ಹೋದರು, ಒಂದೂ ಇಲ್ಲ. ಆ ಎರಡು ಪದ ನಂಬಿಕೊಂಡು ನಾವು ಒಂದು ಗಂಟೆ ಹತ್ತು ನಿಮಿಷ ಆ ಮನೆಯ ಕಡೆಗೆ ತಿರುಗಿ ನೋಡಲಿಲ್ಲ. ಅಷ್ಟು ಹೊತ್ತೂ ಅಕ್ಕೋರು ಸಿ ವಿಂಗಿನ ನೆಲಮಹಡಿಯ ಒಳಕೋಣೆಯಲ್ಲಿ, ಕತ್ತಲಲ್ಲಿ, ಮಂಚದ ಮೇಲೆ ಕಾಲು ಚಾಚಿ, ಔಷಧಿಯ ಡಬ್ಬಿಯನ್ನು ತೊಡೆಯ ಮೇಲಿಟ್ಟುಕೊಂಡು ಕುಳಿತಿದ್ದರು.

ಅವರನ್ನು ಅಕ್ಕೋರು ಎನ್ನುವವರು ನಾವು ಎರಡು ಮೂರು ಕನ್ನಡದ ಮನೆಯವರು. ಉಳಿದವರಿಗೆಲ್ಲ ಅವರು ಆಜಿ. ಅಕ್ಕಲಕೋಟೆ ತಾಲ್ಲೂಕಿನ ಕನ್ನಡ ಶಾಲೆಯಲ್ಲಿ ಮೂವತ್ತೊಂದು ವರ್ಷ ಕಲಿಸಿ, ಮಗನ ಜೊತೆಗಿರಲು ಪುಣೆಗೆ ಬಂದವರು. ಮೊಣಕಾಲು ಕೈಕೊಟ್ಟಿವೆ, ವಾಕರ್ ಇಲ್ಲದೆ ಬಚ್ಚಲಿಗೂ ಹೋಗಲಾರರು. ಮಗ ಆ ವಾರ ಕೆಲಸದ ಮೇಲೆ ಹೈದರಾಬಾದಿಗೆ ಹೋಗಿದ್ದ.

ನಾನು ಸವದತ್ತಿ ಕಡೆಯವನು. ಸೇನೆಯ ಸಿಗ್ನಲ್ಸ್‌ನಲ್ಲಿ 24 ವರ್ಷ ರೇಡಿಯೋ ಆಪರೇಟರ್ ಆಗಿದ್ದು, ಹವಾಲ್ದಾರನಾಗಿ ನಿವೃತ್ತನಾದೆ. ಒಂದು ಸಂದೇಶದಲ್ಲಿ ಏನಿರಬೇಕು, ಏನಿಲ್ಲದಿದ್ದರೆ ಅದನ್ನು ಮುಂದಕ್ಕೆ ಕಳಿಸಬಾರದು ಎಂಬುದನ್ನು ಕಲಿತು ಕಲಿಸಿ ಹೊಟ್ಟೆ ಹೊರೆದವನು. ಆ ಎರಡು ಪದಗಳನ್ನು ನಾನೂ ಓದಿದೆ, ನಾನೂ ನಂಬಿದೆ. ವರ್ಷ ಕಳೆದರೂ ಅದು ಎದೆಯಲ್ಲಿ ಮುಳ್ಳಾಗಿಯೇ ಇದೆ. ಅದಕ್ಕೇ ಇದನ್ನು ಬರೆಯುತ್ತಿದ್ದೇನೆ.

ನಮ್ಮ ಕಟ್ಟಡ ಸಿಂಹಗಡ ರಸ್ತೆಯಿಂದ ಮುಠಾ ನದಿಯ ಕಡೆಗೆ ಇಳಿಯುವ ಓಣಿಯಲ್ಲಿದೆ. ರಾತ್ರಿಯಿಡೀ ಮಳೆ, ಖಡಕವಾಸ್ಲಾ ಅಣೆಕಟ್ಟಿನಿಂದ ನದಿಗೆ ನೀರು. ನಾಲ್ಕು ಗಂಟೆಗೆ ಕಾವಲುಗಾರ ಬಂದು ಬಾಗಿಲು ಬಡಿದ. ನಾನು ಇಳಿದು ಬರುವಷ್ಟರಲ್ಲಿ ಪಾರ್ಕಿಂಗ್‌ನಲ್ಲಿ ಸ್ಕೂಟರುಗಳ ಸೀಟು ಮುಟ್ಟುವಷ್ಟು ನೀರು ನಿಂತಿತ್ತು. ಅಧ್ಯಕ್ಷರು ಕಾರುಗಳನ್ನು ಮೇಲಿನ ರಸ್ತೆಗೆ ಒಯ್ಯಿರಿ ಎಂದು ಕೂಗುತ್ತಿದ್ದರು. ಕಾರ್ಯದರ್ಶಿ ಕರೆಂಟಿನ ಮೇನ್ ಸ್ವಿಚ್ ತೆಗೆಯಿರಿ ಎನ್ನುತ್ತಿದ್ದರು. ಪಕ್ಕದ ಓಣಿಯ ಒಬ್ಬ ಕಾರ್ಯಕರ್ತ ಗೇಟಿನಿಂದ ಗೇಟಿಗೆ ಹಗ್ಗ ಕಟ್ಟಿಸುತ್ತಿದ್ದ. ನಾನು ನೆಲಮಹಡಿಯವರನ್ನು ಮೇಲಕ್ಕೆ ಹತ್ತಿಸುತ್ತಿದ್ದೆ. ನಾಲ್ವರು ಹೇಳಿದ್ದರಲ್ಲೂ ತಪ್ಪಿರಲಿಲ್ಲ. ಆದರೆ ಒಬ್ಬನೇ ಕಾವಲುಗಾರನಿಗೆ ಐದು ನಿಮಿಷದಲ್ಲಿ ನಾಲ್ಕು ಅಪ್ಪಣೆ ಬಂದವು. ಅವನು ನಾಲ್ಕನ್ನೂ ಅರ್ಧರ್ಧ ಮಾಡಿದ.

ಅಕ್ಕೋರ ವಿಷಯದಲ್ಲಿ ನಡೆದದ್ದು ಹೀಗೆ. ಬಿ ವಿಂಗಿನ ಇಬ್ಬರು ಹುಡುಗರು ಅವರ ಬಾಗಿಲಿಗೆ ಹೋಗಿದ್ದರು. ಅಷ್ಟರಲ್ಲಿ ಕಾರು ತಳ್ಳಲು ಬನ್ನಿ ಎಂದು ಯಾರೋ ಕೂಗಿದರು. ‘ಈಗ ಬಂದೆವು ಆಜಿ’ ಎಂದು ಹೇಳಿ ಅವರು ಓಡಿದರು. ಹುಡುಗರು ಬಂದಿದ್ದನ್ನು ಎದುರು ಮನೆಯಾಕೆ ನೋಡಿದ್ದರು, ಹೋಗಿದ್ದನ್ನು ನೋಡಿರಲಿಲ್ಲ. ಮೆಟ್ಟಿಲ ಮೇಲೆ ಸಿಕ್ಕವರಿಗೆ ‘ಹುಡುಗರು ಬಂದಿದ್ದಾರೆ’ ಎಂದರು. ಅದನ್ನು ಕೇಳಿದವರು ‘ಆಜೀಂನಾ ನೇಲಂ’ ಎಂದು ಬರೆದರು. ಒಬ್ಬರೂ ಸುಳ್ಳು ಹೇಳಲಿಲ್ಲ.

ಆರು ಗಂಟೆ ದಾಟಿದ ಮೇಲೆ ಅಗ್ನಿಶಾಮಕ ದಳದ ರಬ್ಬರ್ ದೋಣಿ ಬಂತು. ಅದರಲ್ಲಿದ್ದ ಅಧಿಕಾರಿಗೆ ಮೂವತ್ತೂ ತುಂಬಿದ ಹಾಗೆ ಕಾಣಲಿಲ್ಲ. ಆತ ಇಳಿಯುವ ಮೊದಲೇ ಕೇಳಿದ ಪ್ರಶ್ನೆ: ‘ಇಥಂ ಕೋಣ್ ಬಘತಂಯ?’ ಇಲ್ಲಿ ಯಾರು ನೋಡಿಕೊಳ್ಳುತ್ತಿದ್ದೀರಿ? ನಾವು ನಾಲ್ವರೂ ಒಟ್ಟಿಗೆ ಬಾಯಿ ತೆರೆದೆವು. ಆತ ಕೈ ಎತ್ತಿ ತಡೆದು, ‘ಒಬ್ಬರು ಮಾತನಾಡಿ, ಉಳಿದವರು ಅವರಿಗೆ ಹೇಳಿ’ ಎಂದ. ಅಧ್ಯಕ್ಷರು ಮುಂದೆ ಬಂದರು. ನೆಲಮಹಡಿಯಲ್ಲಿ ಎಷ್ಟು ಜನ ಇದ್ದರು, ಈಗ ಯಾರು ಯಾವ ಮನೆಯಲ್ಲಿದ್ದಾರೆ ಎಂದು ಆತ ಒಂದೊಂದೇ ಮನೆ ಹಿಡಿದು ಕೇಳತೊಡಗಿದ. ಸಿ ವಿಂಗ್ ಬಂದಾಗ ಅಧ್ಯಕ್ಷರು, ‘ಆಜಿಯನ್ನು ಕರೆದುಕೊಂಡು ಹೋಗಿ ಆಗಿದೆ’ ಎಂದರು. ‘ಯಾರ ಮನೆಗೆ?’ ಎಂದ ಆತ. ಅಧ್ಯಕ್ಷರು ನನ್ನ ಮುಖ ನೋಡಿದರು. ನಾನು ಕಾರ್ಯದರ್ಶಿಯ ಮುಖ ನೋಡಿದೆ.

ಆ ಮೇಲಿನದನ್ನು ಬೇಗ ಹೇಳಿ ಮುಗಿಸುತ್ತೇನೆ. ನಾನು, ಅಗ್ನಿಶಾಮಕ ದಳದ ಒಬ್ಬರು, ಎದೆಮಟ್ಟದ ನೀರಿನಲ್ಲಿ ಹೋದೆವು. ಅವರ ಮನೆಯ ಹೊಸ್ತಿಲು ಎರಡು ಮೆಟ್ಟಿಲು ಎತ್ತರ, ಅದೇ ಕಾಪಾಡಿತು. ನೀರು ಮಂಚದ ಹಲಗೆಯನ್ನು ಮುಟ್ಟಿತ್ತು, ಹಾಸಿಗೆಯ ಅಂಚು ನೀರು ಹೀರಿಕೊಂಡು ಕಪ್ಪಾಗಿತ್ತು. ದಿವಾನಖಾನೆಯಲ್ಲಿ ಚಾರ್ಜಿಗಿಟ್ಟ ಮೊಬೈಲ್ ನೀರೊಳಗಿತ್ತು. ವಾಕರ್ ಗೋಡೆಯ ಮೂಲೆಯಲ್ಲಿ ತೇಲುತ್ತಿತ್ತು. ಅಕ್ಕೋರು ಟಾರ್ಚಿನ ಬೆಳಕಿಗೆ ಕಣ್ಣು ಕಿರಿದು ಮಾಡಿ, ‘ಆ ಹುಡುಗರು ಈಗ ಬರುತ್ತೇವೆ ಎಂದು ಹೋದರು, ಅವರಿಗೆ ಏನೂ ಆಗಿಲ್ಲ ತಾನೇ?’ ಎಂದು ಕೇಳಿದರು.

ಆ ಯುವ ಅಧಿಕಾರಿಯ ಪ್ರಶ್ನೆಯನ್ನು ನಾನು ಮೊದಲು ಕೇಳಿದ್ದು ಗೋವಾದಲ್ಲಿ. ಪಣಜಿಯ ಸಿಗ್ನಲ್ ತರಬೇತಿ ಕೇಂದ್ರದಲ್ಲಿ, ಹತ್ತೊಂಬತ್ತರ ವಯಸ್ಸಿನಲ್ಲಿ. ಮಳೆಗಾಲದಲ್ಲಿ ಬಟ್ಟೆ ಒಣಗುತ್ತಿರಲಿಲ್ಲ, ಹಸಿ ಬೂಟಿನಲ್ಲೇ ತರಗತಿ. ನಮ್ಮ ಉಸ್ತಾದರು ಅಭ್ಯಾಸದ ಸಂದೇಶಗಳನ್ನು ಚೀಟಿಯಲ್ಲಿ ಬರೆಸುತ್ತಿದ್ದರು. ಯಾರಿಂದ, ಯಾರಿಗೆ, ಎಷ್ಟು ಗಂಟೆಗೆ, ಆಮೇಲೆ ವಿಷಯ. ‘ಯಾರಿಂದ’ ಎಂಬ ಜಾಗ ಖಾಲಿ ಇದ್ದರೆ ವಿಷಯವನ್ನು ಓದುತ್ತಲೇ ಇರಲಿಲ್ಲ, ಚೀಟಿಯನ್ನು ಹರಿದು ನಮ್ಮ ಕೈಗೇ ಕೊಡುತ್ತಿದ್ದರು. ಕೆಲಸದ ಪಾಳಿ ಬದಲಾಗುವಾಗಲೂ ಅಷ್ಟೇ. ಬಂದವನು ಲಾಗ್ ಪುಸ್ತಕದಲ್ಲಿ ಸಹಿ ಹಾಕಿ, ‘ಇನ್ನು ನನ್ನದು’ ಎಂದು ಬಾಯಿಬಿಟ್ಟು ಹೇಳುವ ತನಕ ಹೋಗುವವನು ಕುರ್ಚಿ ಬಿಡುವಂತಿರಲಿಲ್ಲ.

ಸೇನೆಯ ರಚನೆ ಎಂದರೆ ಜನರ ಕಣ್ಣಿಗೆ ಬರುವುದು ಭುಜದ ಮೇಲಿನ ನಕ್ಷತ್ರಗಳು, ಸಲಾಮು. ರೇಡಿಯೋ ಮುಂದೆ ಕುಳಿತವನಿಗೆ ಅದು ಬೇರೆ ರೀತಿ ಕಾಣುತ್ತದೆ. ಹತ್ತು ಜನರದು ಒಂದು ಸೆಕ್ಷನ್. ಮೂರು ಸೆಕ್ಷನ್ ಸೇರಿ ಪ್ಲಟೂನ್, ಮೂರು ಪ್ಲಟೂನ್ ಸೇರಿ ಕಂಪನಿ, ನಾಲ್ಕು ರೈಫಲ್ ಕಂಪನಿಗಳ ಸುತ್ತ ಒಂದು ಬೆಟಾಲಿಯನ್, ಸಾಮಾನ್ಯವಾಗಿ ಮೂರು ಬೆಟಾಲಿಯನ್ನಿಗೆ ಒಂದು ಬ್ರಿಗೇಡ್. ಮೇಲಕ್ಕೆ ಹೋದಂತೆ ಡಿವಿಷನ್, ಕೋರ್, ಕೊನೆಗೆ ಇಲ್ಲೇ ಪುಣೆಯ ದಂಡುಪ್ರದೇಶದಲ್ಲಿರುವ ದಕ್ಷಿಣ ಕಮಾಂಡ್‌ನಂಥ ಏಳು ಕಮಾಂಡ್‌ಗಳು. ಅವುಗಳಲ್ಲಿ ಒಂದು ತರಬೇತಿಯದು. ಬೆಟಾಲಿಯನ್ನಿನಲ್ಲಿ ಸುಮಾರು 800 ಜನರಿದ್ದರೂ ಕರ್ನಲ್ ಸಾಹೇಬರು ನೇರವಾಗಿ ಅಪ್ಪಣೆ ಕೊಡುವುದು ನಾಲ್ಕೈದು ಜನರಿಗೆ. ಪ್ಲಟೂನಿನ ಸುಬೇದಾರ್ ಸಾಹೇಬರು ಮಾತನಾಡುವುದು ಮೂವರು ಸೆಕ್ಷನ್ ಕಮಾಂಡರ್‌ಗಳ ಜೊತೆ. ಎಷ್ಟೇ ಮೇಲೆ ಹೋಗಿ, ಎಷ್ಟೇ ಕೆಳಗೆ ಬನ್ನಿ, ಆ ಸಂಖ್ಯೆ ಹೆಚ್ಚು ಬದಲಾಗುವುದಿಲ್ಲ. ನಿದ್ದೆಗೆಟ್ಟು, ನೆನೆದು, ಸದ್ದಿನ ನಡುವೆ ನಿಂತ ಮನುಷ್ಯನ ತಲೆ ಏಕಕಾಲಕ್ಕೆ ಹಿಡಿದಿಟ್ಟುಕೊಳ್ಳುವುದು ಅಷ್ಟನ್ನೇ.

ಕಂಪನಿ ಕಮಾಂಡರ್ ಪಕ್ಕದಲ್ಲಿ ಎರಡು ರೇಡಿಯೋ ಇರುತ್ತವೆ. ಒಂದರಲ್ಲಿ ಬೆಟಾಲಿಯನ್ನಿನ ಜಾಲ: ಮೇಲಿನವರು ಮತ್ತು ತನ್ನ ಸರಿಸಮಾನರು ಅಲ್ಲಿ ಕೇಳಿಸುತ್ತಾರೆ. ಇನ್ನೊಂದರಲ್ಲಿ ಅವನ ಕಂಪನಿಯ ಜಾಲ: ತನ್ನ ಪ್ಲಟೂನ್‌ಗಳು. ಎರಡು ಜಾಲಗಳ ನಡುವಿನ ಗಂಟು ಅವನು. ಮೇಲಿನಿಂದ ಬಂದದ್ದನ್ನು ತನ್ನ ಜನರಿಗೆ ಅರ್ಥವಾಗುವಂತೆ ಇಳಿಸುವುದು, ಕೆಳಗಿನಿಂದ ಬಂದದ್ದರಲ್ಲಿ ಬೇಕಾದದ್ದನ್ನು ಮೇಲಕ್ಕೆ ಏರಿಸುವುದು ಅವನ ಕೆಲಸ. ಒಬ್ಬ ಜವಾನ ಕರ್ನಲ್ ಸಾಹೇಬರ ಜಾಲದಲ್ಲಿ ಮಾತನಾಡುವುದಿಲ್ಲ. ಕರ್ನಲ್ ಸಾಹೇಬರೂ ಜವಾನನ ಜಾಲಕ್ಕೆ ಇಳಿದು ಅಪ್ಪಣೆ ಕೊಡುವುದಿಲ್ಲ. ಈ ಎರಡನೆಯದನ್ನು ಪಾಲಿಸುವುದೇ ಕಷ್ಟ. ನನ್ನ ಸೇವೆಯಲ್ಲಿ ನಾನು ಗೌರವಿಸಿದ ಅಧಿಕಾರಿಗಳೆಲ್ಲ ಈ ಒಂದು ಹತೋಟಿ ಇದ್ದವರೇ. ಗುಡ್ಡದ ಮೇಲಿನ ತುಕಡಿ ತಡವರಿಸುತ್ತಿರುವುದು ರೇಡಿಯೋದಲ್ಲಿ ಕೇಳುತ್ತಿದ್ದರೂ ಮೈಕಿಗೆ ಕೈ ಹಾಕದೆ, ತುಟಿ ಕಚ್ಚಿಕೊಂಡು, ಅವರ ಕಮಾಂಡರನೇ ಸರಿಪಡಿಸಲಿ ಎಂದು ಕಾಯುತ್ತಿದ್ದ ಒಬ್ಬ ಬ್ರಿಗೇಡಿಯರ್ ಸಾಹೇಬರ ಪಕ್ಕ ನಾನು ಕುಳಿತಿದ್ದೇನೆ.

ಬ್ರಿಗೇಡ್ ಮುಖ್ಯಾಲಯದಲ್ಲಿ ಇನ್ನೊಂದನ್ನು ಕಂಡೆ. ಬ್ರಿಗೇಡಿಯರ್ ಸಾಹೇಬರ ಎರಡು ಕೈಗಳ ಹಾಗೆ ಇಬ್ಬರು ಅಧಿಕಾರಿಗಳು. ಒಬ್ಬರು ಬಿಎಂ ಸಾಹೇಬರು, ಅಂದರೆ ಬ್ರಿಗೇಡ್ ಮೇಜರ್: ಎಲ್ಲಿಗೆ ಹೋಗಬೇಕು, ಯಾರು ಮುಂದೆ, ಯಾರು ಹಿಂದೆ. ಇನ್ನೊಬ್ಬರು ಡಿಕ್ಯೂ ಸಾಹೇಬರು: ಹಿಟ್ಟು, ಡೀಸೆಲ್, ಮದ್ದುಗುಂಡು, ವಾಹನ. ಕಾರ್ಯಾಚರಣೆ ನಡೆಸುವವನ ತಲೆಯಲ್ಲಿ ರೊಟ್ಟಿಯ ಚಿಂತೆ ಇರಬಾರದು, ರೊಟ್ಟಿ ಕಳಿಸುವವನು ಗುಡ್ಡ ಹತ್ತುವ ದಾರಿ ತೀರ್ಮಾನಿಸಬಾರದು. ಆ ಬೆಳಿಗ್ಗೆ ನಮ್ಮ ಪಾರ್ಕಿಂಗ್‌ನಲ್ಲಿ ಕಾರು ತಳ್ಳುವ ಕೆಲಸವೂ ಜನರನ್ನು ಹತ್ತಿಸುವ ಕೆಲಸವೂ ಒಂದೇ ಹುಡುಗರ ಹೆಗಲಿಗೆ ಬಿದ್ದಿದ್ದನ್ನು ಆಮೇಲೆ ನೆನೆದಾಗ ನನಗೆ ಕಂಡದ್ದು ಆ ಇಬ್ಬರು ಅಧಿಕಾರಿಗಳ ಎರಡು ಬೇರೆ ಬೇರೆ ಡೇರೆಗಳು.

ಯಾರು ನೋಡಿಕೊಳ್ಳುತ್ತಿದ್ದಾರೆ ಎಂಬುದಕ್ಕೆ ಉತ್ತರ ಇಲ್ಲದಿದ್ದರೆ ಏನಾಗುತ್ತದೆ ಎಂಬುದನ್ನು ಮುಂಬೈ 1944ರ ಏಪ್ರಿಲ್ 14ರಂದು ನೋಡಿದೆ. ವಿಕ್ಟೋರಿಯಾ ಡಾಕ್‌ನಲ್ಲಿ ನಿಂತಿದ್ದ ಫೋರ್ಟ್ ಸ್ಟೈಕಿನ್ ಹಡಗಿನಲ್ಲಿ ಹತ್ತಿಯ ಅಂಡಿಗೆಗಳು, ಅವುಗಳ ಜೊತೆ ಸುಮಾರು 1,400 ಟನ್ ಸ್ಫೋಟಕ. ಮಧ್ಯಾಹ್ನ ಹೊಗೆ ಕಂಡಿತು. ಹಡಗಿನ ಕ್ಯಾಪ್ಟನ್ ಇದ್ದರು, ಅಗ್ನಿಶಾಮಕ ದಳದವರು ಬಂದರು, ಬಂದರಿನ ಅಧಿಕಾರಿಗಳು, ಮದ್ದುಗುಂಡು ಬಲ್ಲ ಸೇನಾಧಿಕಾರಿ, ಎಲ್ಲರೂ ಇದ್ದರು. ಮುಳುಗಿಸಿಬಿಡಿ ಎಂದು ಒಬ್ಬರು, ನೀರು ಹಾಯಿಸಿಯೇ ಆರಿಸೋಣ ಎಂದು ಮತ್ತೊಬ್ಬರು. ಎಲ್ಲರ ಮೇಲೂ ಮಾತು ನಡೆಯುವ ಒಬ್ಬರು ಅಲ್ಲಿರಲಿಲ್ಲ. 4 ಗಂಟೆ 6 ನಿಮಿಷಕ್ಕೆ ಹಡಗು ಸಿಡಿಯಿತು. ಡಾಕ್‌ನ ಗಡಿಯಾರ ಆ ಹೊತ್ತಿಗೇ ನಿಂತುಹೋಯಿತು. ಹಡಗಿನ ಮೇಲೂ ದಂಡೆಯಲ್ಲೂ ಕೊಳವೆ ಹಿಡಿದು ನಿಂತಿದ್ದ ಅಗ್ನಿಶಾಮಕ ದಳದ 66 ಜನ ಸತ್ತರು, ನಗರದಲ್ಲಿ ನೂರಾರು ಜನ. ಆ 66 ಜನರಿಗೆ ಯಾರಾದರೊಬ್ಬರು ಹಿಂದೆ ಸರಿಯಿರಿ ಎಂದು ಹೇಳಬಹುದಿತ್ತು ಎಂಬುದನ್ನು ನೆನೆದರೆ ಇಂದಿಗೂ ನನಗೆ ಸಂಕಟವಾಗುತ್ತದೆ. ದೇಶದಲ್ಲಿ ಪ್ರತಿ ವರ್ಷ ಏಪ್ರಿಲ್ 14ನ್ನು ಅಗ್ನಿಶಾಮಕ ಸೇವಾ ದಿನವಾಗಿ ಆಚರಿಸುವುದು ಅವರ ನೆನಪಿಗೆ.

ಅಮೆರಿಕದವರು ಇದೇ ಪಾಠವನ್ನು ಕಾಡ್ಗಿಚ್ಚಿನಿಂದ ಕಲಿತರು. 1970ರಲ್ಲಿ ಕ್ಯಾಲಿಫೋರ್ನಿಯಾದ ಬೆಂಕಿ 13 ದಿನ ಉರಿದು 16 ಜನರನ್ನು, ಸುಮಾರು 700 ಕಟ್ಟಡಗಳನ್ನು ನುಂಗಿತು. ಬೆಂಕಿ ಆರಿಸಲು ಬಂದ ಸಂಸ್ಥೆಗಳಿಗೆ ಜನ, ವಾಹನ ಯಾವುದಕ್ಕೂ ಬರವಿರಲಿಲ್ಲ. ಒಬ್ಬರ ರೇಡಿಯೋ ಇನ್ನೊಬ್ಬರಿಗೆ ಕೇಳುತ್ತಿರಲಿಲ್ಲ, ಒಂದೇ ವಸ್ತುವಿಗೆ ಊರಿಗೊಂದು ಹೆಸರು, ಒಬ್ಬ ಮುಖ್ಯಸ್ಥನ ಕೈಕೆಳಗೆ ಲೆಕ್ಕವಿಲ್ಲದಷ್ಟು ಜನ. ಅದನ್ನು ಸರಿಪಡಿಸಲು ಅವರು ಕಟ್ಟಿದ ವ್ಯವಸ್ಥೆಯನ್ನು ನಮ್ಮ ರಾಷ್ಟ್ರೀಯ ವಿಪತ್ತು ನಿರ್ವಹಣಾ ಪ್ರಾಧಿಕಾರ ನಮ್ಮ ಜಿಲ್ಲೆಗಳಿಗೆ ಹೊಂದಿಸಿ 2010ರಲ್ಲಿ ಮಾರ್ಗಸೂಚಿಯಾಗಿ ಹೊರಡಿಸಿತು. ಅದನ್ನು ಓದಿದಾಗ ನನಗೆ ಹಳೆಯ ಗೆಳೆಯನನ್ನು ಕಂಡಂತಾಯಿತು. ಜಿಲ್ಲೆಯ ಹೊಣೆ ಜಿಲ್ಲಾಧಿಕಾರಿಯದು. ಘಟನಾ ಸ್ಥಳಕ್ಕೆ ಒಬ್ಬ ಕಮಾಂಡರ್. ಅವನ ಕೆಳಗೆ ಮೂರು ವಿಭಾಗ: ಕಾರ್ಯಾಚರಣೆ, ಯೋಜನೆ, ಸರಬರಾಜು. ಅದರಲ್ಲಿ ನಮ್ಮ ಬಿಎಂ ಸಾಹೇಬರೂ ಇದ್ದಾರೆ, ಡಿಕ್ಯೂ ಸಾಹೇಬರೂ ಇದ್ದಾರೆ. ಒಬ್ಬರ ಕೈಕೆಳಗೆ ಮೂರರಿಂದ ಏಳು ಜನ, ಐದಾದರೆ ಒಳ್ಳೆಯದು. ಸುರಕ್ಷತೆಯನ್ನಷ್ಟೇ ನೋಡುವ ಒಬ್ಬ ಅಧಿಕಾರಿ ಕಮಾಂಡರ್ ಪಕ್ಕದಲ್ಲೇ ಇರುತ್ತಾನೆ. ಅಪಾಯ ಕಂಡರೆ ಕೆಲಸ ನಿಲ್ಲಿಸುವ ಅಧಿಕಾರ ಅವನಿಗಿದೆ. ಫೋರ್ಟ್ ಸ್ಟೈಕಿನ್ ಹಡಗಿನ ಮೇಲೆ ಇರಬೇಕಿದ್ದ ಮನುಷ್ಯ ಅವನು.

ಬ್ರಿಟನ್ನಿನ ಪೊಲೀಸರು 1985ರ ಲಂಡನ್ ಗಲಭೆಯ ನಂತರ ಚಿನ್ನ, ಬೆಳ್ಳಿ, ಕಂಚು ಎಂದು ಮೂರು ಹಂತ ಮಾಡಿಕೊಂಡರು. ಏನಾಗಬೇಕು ಎಂದು ಚಿನ್ನ ಹೇಳುತ್ತದೆ, ಹೇಗೆ ಎಂದು ಬೆಳ್ಳಿ, ಕೈಯಾರೆ ಮಾಡುವುದು ಕಂಚು. ಇವು ಆ ಹೊತ್ತಿನ ಪಾತ್ರಗಳು, ದರ್ಜೆಯ ಹೆಸರುಗಳಲ್ಲ.

ದರ್ಜೆ ಮತ್ತು ಪಾತ್ರದ ಈ ವ್ಯತ್ಯಾಸವನ್ನು ಅದೇ ದಿನ ನಮ್ಮ ಊರಿನಲ್ಲೇ ನೋಡಬಹುದಿತ್ತು. ಸಿಂಹಗಡ ರಸ್ತೆಯ ಏಕತಾ ನಗರಿ ಬಡಾವಣೆಗೆ ಸೇನೆಯ ತುಕಡಿ ಬಂತು. ಸೇನೆ ತಾನಾಗಿ ಬರುವುದಿಲ್ಲ, ಜಿಲ್ಲಾಡಳಿತ ಕೇಳಬೇಕು. ಎಲ್ಲಿ ಏನು ಬೇಕು ಎಂದು ಹೇಳುವುದು ಜಿಲ್ಲಾಡಳಿತ. ಅದನ್ನು ಹೇಗೆ ಮಾಡಬೇಕು ಎಂದು ತನ್ನ ಜವಾನರಿಗೆ ಹೇಳುವುದು ಅವರ ಅಧಿಕಾರಿ ಮಾತ್ರ. ರಾಷ್ಟ್ರೀಯ ವಿಪತ್ತು ಸ್ಪಂದನಾ ಪಡೆಯ ಕೆಲಸವೂ ಹೀಗೆಯೇ. ಅದರ 5ನೇ ಬೆಟಾಲಿಯನ್ ಪುಣೆ ಜಿಲ್ಲೆಯಲ್ಲೇ, ತಳೇಗಾಂವ್ ಕಡೆ ಇದೆ. ಒಂದು ಪೂರ್ಣ ತಂಡ ಎಂದರೆ 45 ಜನ, ಅದರೊಳಗೇ ಎಂಜಿನಿಯರ್, ಎಲೆಕ್ಟ್ರಿಷಿಯನ್, ವೈದ್ಯಕೀಯ ಸಿಬ್ಬಂದಿ, ಶ್ವಾನದಳ. 2014ರ ಜುಲೈ 30ರಂದು ಮಾಳೀಣ ಗ್ರಾಮದ ಮೇಲೆ ಗುಡ್ಡ ಕುಸಿದಾಗ ದಿನಗಟ್ಟಲೆ ಕೆಸರು ಬಗೆದವರು ಇವರೇ. ನಮ್ಮ ಓಣಿಯ ಹಿರಿಯರು ಇನ್ನೂ ಹಿಂದಕ್ಕೆ ಹೋಗುತ್ತಾರೆ: 1961ರ ಜುಲೈ 12ರಂದು ಪಾನಶೇತ್ ಅಣೆಕಟ್ಟು ಒಡೆಯುವ ಮುನ್ನ ಜವಾನರು ರಾತ್ರಿಯಿಡೀ ಮರಳಿನ ಚೀಲ ಒಟ್ಟಿದರು, ಅದರಿಂದಲೇ ಒಡ್ಡು ಹಗಲಾಗುವ ತನಕ ನಿಂತಿತು, ಎಷ್ಟೋ ಜೀವ ಉಳಿದವು ಎನ್ನುತ್ತಾರೆ.

ನೀರು ಇಳಿದ ಮೇಲೆ ಕಟ್ಟಡದ ಸಭೆ ಕರೆದೆವು. ನಾನು ಎದ್ದು ನಿಂತು ನನ್ನ ತಪ್ಪನ್ನು ಮೊದಲು ಹೇಳಿದೆ: ಸಂದೇಶ ಕಂಡಾಗ ‘ಯಾರು ಕರೆದುಕೊಂಡು ಹೋದದ್ದು’ ಎಂದು ಕೇಳಬೇಕಿದ್ದವನು ನಾನು, ಕೇಳಲಿಲ್ಲ. ಆಮೇಲೆ ಒಂದು ಹಾಳೆ ಓದಿದೆ. ವಿಂಗಿಗೊಬ್ಬರು, ಅಂದರೆ ಮೂವರು. ತಮ್ಮ ವಿಂಗಿನ ಜನರ ಎಣಿಕೆ ಅವರದು, ಬೇರೆ ಕೆಲಸಕ್ಕೆ ಅವರನ್ನು ಯಾರೂ ಕರೆಯಬಾರದು. ಪಂಪು, ಜನರೇಟರ್, ಕಾರು, ಕುಡಿಯುವ ನೀರಿಗೆ ಇನ್ನೊಬ್ಬರು. ಬರೆದುಕೊಳ್ಳಲು ಒಬ್ಬರು. ಈ ಐವರು ಒಬ್ಬರಿಗೇ ವರದಿ ಮಾಡಬೇಕು. ಆ ಒಬ್ಬರು ಯಾರು ಎಂದರೆ, ಮೊದಲು ನೀರು ಕಂಡವರು. ಅದು ಕಾವಲುಗಾರನಾದರೆ ಕಾವಲುಗಾರನೇ. ಅಧ್ಯಕ್ಷರು ಬಂದು, ಏನೇನಾಗಿದೆ ಎಂದು ಅವನಿಂದ ಕೇಳಿ ತಿಳಿದುಕೊಂಡು, ‘ಇನ್ನು ನಾನು ನೋಡಿಕೊಳ್ಳುತ್ತೇನೆ’ ಎಂದು ಬಾಯಿಬಿಟ್ಟು ಹೇಳುವ ತನಕ.

ಇದಕ್ಕೆ ಅಧ್ಯಕ್ಷರು ಮುನಿಸಿಕೊಂಡರು. ಕಾವಲುಗಾರನ ಮಾತನ್ನು ನಾನು ಕೇಳಬೇಕೇ ಎಂದರು. ಅವರು ಕೆಟ್ಟವರಲ್ಲ, ಆ ದಿನ ಅವರ ಸ್ವಂತ ಕಾರು ಮುಳುಗಿದರೂ ಬೇರೆಯವರದನ್ನು ತಳ್ಳಿಸುತ್ತಿದ್ದವರು. ನಾನು ಹೇಳಿದೆ: ಸೇನೆಯಲ್ಲಿ ಕಾವಲಿಗೆ ನಿಂತ ಸಿಪಾಯಿ ಕತ್ತಲಲ್ಲಿ ‘ಥಮ್’ ಎಂದರೆ ಜನರಲ್ ಸಾಹೇಬರೂ ನಿಲ್ಲುತ್ತಾರೆ, ನಿಂತದ್ದರಿಂದ ಅವರ ದರ್ಜೆ ಇಳಿಯುವುದಿಲ್ಲ. ಅವರು ಬಹಳ ಹೊತ್ತು ಸುಮ್ಮನಿದ್ದು, ‘ಆ ವಾಕ್ಯವನ್ನು ಮರಾಠಿಯಲ್ಲೂ ಬರೆಸಿ, ಕಾವಲುಗಾರನ ಕೋಣೆಯಲ್ಲಿ ಅಂಟಿಸಿ’ ಎಂದರು. ವಾಟ್ಸ್‌ಆ್ಯಪ್ ಇರುವಾಗ ಬರೆದುಕೊಳ್ಳುವವರು ಏಕೆ ಎಂದು ಎ ವಿಂಗಿನ ಒಬ್ಬ ಹೆಣ್ಣುಮಗಳು ಕೇಳಿದಳು. ಆ ನಸುಕಿನ ಮುನ್ನೂರಕ್ಕೂ ಹೆಚ್ಚು ಸಂದೇಶಗಳನ್ನು ಓದಿ, ಎಷ್ಟರಲ್ಲಿ ಯಾರು ಮಾಡಿದರು ಎಂಬುದಿದೆ ಎಣಿಸಿ ಎಂದೆ. ಮರುದಿನ ಅವಳೇ ಬಂದು ಹೇಳಿದಳು, ಹದಿನಾಲ್ಕು.

ಬರೆದುಕೊಳ್ಳುವ ಕೆಲಸವನ್ನು ಅಕ್ಕೋರು ತಾವಾಗಿಯೇ ಕೇಳಿ ತೆಗೆದುಕೊಂಡರು. ‘ಓಡಲಾರೆ, ಎತ್ತಲಾರೆ, ಆದರೆ ಅಕ್ಷರ ಇನ್ನೂ ನೆಟ್ಟಗಿದೆ’ ಎಂದರು. ಅವರ ಮಗ ಎ ವಿಂಗಿನ ಮೊದಲ ಮಹಡಿಯಲ್ಲಿ ಬಾಡಿಗೆ ಮನೆ ಹಿಡಿದಿದ್ದ.

ಈ ವರ್ಷ ಜೂನ್ ಮೊದಲ ಭಾನುವಾರ ಬೆಳಿಗ್ಗೆ ತಾಲೀಮು ಮಾಡಿದೆವು. ಮೆಟ್ಟಿಲ ತಿರುವಿನಲ್ಲಿ ಕುರ್ಚಿ ಹಾಕಿಕೊಂಡು, ಉದ್ದನೆಯ ರಿಜಿಸ್ಟರಿನಲ್ಲಿ ಸ್ಕೇಲಿನಿಂದ ನಾಲ್ಕು ಅಂಕಣ ಎಳೆದುಕೊಂಡು ಅಕ್ಕೋರು ಕುಳಿತಿದ್ದರು. ಬಿ ವಿಂಗಿನ ಹುಡುಗ ಏದುಸಿರು ಬಿಡುತ್ತ ಬಂದು ಮರಾಠಿಯಲ್ಲಿ, ‘ಆಜಿ, ಬಿ ವಿಂಗ್ ಖಾಲಿ ಝಾಲಂ’ ಎಂದ. ಬಿ ವಿಂಗ್ ಖಾಲಿ ಆಯಿತು. ಆ ನಸುಕಿನಲ್ಲಿ ಅವರ ಬಾಗಿಲ ತನಕ ಬಂದು ಹೋಗಿದ್ದ ಇಬ್ಬರಲ್ಲಿ ಅವನೂ ಒಬ್ಬ. ಅಕ್ಕೋರು ಪೆನ್ನು ಎತ್ತಿ ಹಿಡಿದು, ಬರೆಯದೆ, ತರಗತಿಯಲ್ಲಿ ಕೇಳುವ ಧ್ವನಿಯಲ್ಲಿ ಕೇಳಿದರು:

‘ಕರ್ತಾ ಕುಠೇ ಆಹೇ?’ ಕರ್ತೃಪದ ಎಲ್ಲಿದೆ?

ಹುಡುಗ ಒಂದು ಕ್ಷಣ ತಬ್ಬಿಬ್ಬಾದ. ಆಮೇಲೆ ನೆಟ್ಟಗೆ ನಿಂತು ಹೇಳಿದ: ‘ನಾನು ಖಾಲಿ ಮಾಡಿಸಿದೆ. ಎಂಟು ಮನೆ, ಇಪ್ಪತ್ತೊಂದು ಜನ. ಇಪ್ಪತ್ತು ಜನ ಗಚ್ಚಿನ ಮೇಲಿದ್ದಾರೆ. ಎರಡನೆಯ ಮಹಡಿಯ ಕಾಕಾ ಬರಲು ಒಪ್ಪಲಿಲ್ಲ, ಮನೆಯಲ್ಲೇ ಇದ್ದಾರೆ.’

ಅಕ್ಕೋರು ಅವನ ಹೆಸರು ಬರೆದರು. ಪಕ್ಕದಲ್ಲಿ 7.42 ಎಂದು ಬರೆದು, ಕಾಕಾ ಅವರಿಗೆ ಬೇರೆಯೇ ಒಂದು ಸಾಲು ಬಿಟ್ಟರು.